ಸೋಪು ಬಳಿದ ಗಡಿಯಾರ

"ಗಡಿಯಾರ ಕಾಣ್ತಿಲ್ಲ ಸಾರ್," ಎಂದು ಲ್ಯೂಡರ್ಸ್ ಓಡಿಬಂದಾಗ ನಾಟಕಕ್ಕೆ ಇಪ್ಪತ್ತೇ ನಿಮಿಷ ಉಳಿದಿತ್ತು. 1953ರ ಹ್ಯಾಂಬರ್ಗಿನ ಟೆಲಿವಿಷನ್. ಎಲ್ಲ ನೇರ ಪ್ರಸಾರ, ಮುಂದೂಡುವಂತಿಲ್ಲ. ತಾಯಿಯೊಬ್ಬಳು ಮಗನ ಬೆಳ್ಳಿ ಗಡಿಯಾರ ಮಾರುವ ಕತೆ. ನಾಟಕಕ್ಕೆ ಬಳಸುವ ಗಡಿಯಾರವೂ ತಾಯಿಯ ಪಾತ್ರದ ನಟಿ ಒಟಿಲಿಯಮ್ಮ ಮನೆಯಿಂದ ತಂದದ್ದು, ರಷ್ಯಾದ ಯುದ್ಧಕ್ಕೆ ಹೋಗಿ ಇನ್ನೂ ಮರಳದ ಅವಳ ಮಗನದು.

"ಸಾಮಾನಿಗೆಲ್ಲ ನೀನೇ ಜವಾಬ್ದಾರ. ಸಿಗದಿದ್ರೆ ನಾಳೆಯಿಂದ ಬರಬೇಡ," ಎಂದು ನಿರ್ದೇಶಕ ಥೋರ್ಮನ್ ಹರಿಹಾಯ್ದ. ಲ್ಯೂಡರ್ಸ್ ಮೂರು ಮಕ್ಕಳ ತಂದೆ.

ನಟಿಯರಿಗೆ ಉಡುಪು ತೊಡಿಸುವ ಹೆಡ್ವಿಗ್ ಇದನ್ನು ಕೇಳಿಸಿಕೊಂಡಳು. ಸೀದಾ ಹಿನ್‌ರಿಕ್ಸನ ಬಳಿ ಓಡಿದಳು. ಬೆಂಕಿ ಅನಾಹುತವಾಗದಂತೆ ಕಾವಲು ಕೂರುವ ಈ ಮುದುಕ ಸ್ಟುಡಿಯೋದ ಎಷ್ಟೋ ಕಳ್ಳತನ ಪತ್ತೆ ಮಾಡಿದ್ದ.

"ಗಡಿಯಾರ ಕೊನೇಗೆ ನೋಡಿದ್ದು ಯಾವಾಗ?" ಮುದುಕ ಕೇಳಿದ.

"ತಾಲೀಮಾದ ಮೇಲೆ ಲ್ಯೂಡರ್ಸ್ ಸೋಪು ಬಳಿದು ಮೇಜಿನ ಮೇಲಿಟ್ಟ." ದೀಪಗಳಿಗೆ ಬೆಳ್ಳಿ ಹೊಳೆದರೆ ಕ್ಯಾಮೆರಾ ಕುರುಡಾಗುತ್ತಿತ್ತು, ಅದಕ್ಕೇ ಸೋಪು.

"ತಾಲೀಮು ಹೇಗಾಯ್ತು?"

"ಚೆನ್ನಾಗೇ. ಕೊನೇ ಮಾತಿಗೆ ಮಾತ್ರ ಒಟಿಲಿಯಮ್ಮಂಗೆ ಕೆಮ್ಮು. ಮೂರು ಸಲಾನೂ."

ಹಿನ್‌ರಿಕ್ಸ್ ಕಸದ ಬುಟ್ಟಿ ಕೆದಕಿ ಒಂದು ಕರವಸ್ತ್ರ ತೆಗೆದ. ಅದರಲ್ಲಿ ಸೋಪಿತ್ತು, ನಟರು ಕೈಗೆ ಹಚ್ಚುವ ಬಣ್ಣವೂ ಇತ್ತು. ಎಲ್ಲರನ್ನೂ ಕರೆಸಿದ.

"ಕಳ್ಳ ಆದೋನು ಜೇಬಿಗೆ ಹಾಕ್ಕೊಂಡು ಓಡ್ತಾನೆ, ಒರೆಸ್ತಾ ನಿಲ್ಲಲ್ಲ. ಗಡಿಯಾರದ ಮೇಲೆ ಪ್ರೀತಿ ಇರೋರೇ ಸೋಪು ಒರೆಸಿದಾರೆ. ಲ್ಯೂಡರ್ಸ್ ಕೈಗೆ ಬಣ್ಣ ಇಲ್ಲ. ಬಣ್ಣ ಇರೋದು ನಟಿಸೋ ಇಬ್ಬರಿಗೆ. ವ್ಯಾಪಾರಿ ಪಾತ್ರದ ಫೋಕ್ಟ್‌ಗೆ ಅದು ಹೊಳೆದರೇನು, ಬಿಟ್ಟರೇನು? ಹೆಡ್ವಿಗ್, ಕೆಮ್ಮು ಬಂದದ್ದು ಯಾವ ಮಾತಿಗೆ?"

"'ತಗೊಳ್ಳಿ, ಇದರ ಯಜಮಾನ ಇನ್ನು ಬರೋದಿಲ್ಲ.'"

ಒಟಿಲಿಯಮ್ಮ ರವಿಕೆಯೊಳಗಿಂದ ಗಡಿಯಾರ ತೆಗೆದಳು. ಅದು ಫಳಫಳ ಹೊಳೆಯುತ್ತಿತ್ತು.

"ಇದನ್ನ ಕೈಲಿ ಹಿಡಿದು ಆ ಮಾತು ಹೇಗಪ್ಪಾ ಆಡಲಿ? ನನ್ನ ಮಗ ಬರ್ತಾನೆ. ಲ್ಯೂಡರ್ಸ್, ನಿಮ್ಮ ಕೆಲಸಕ್ಕೆ ಕುತ್ತು ಬಂದಾಗಲೂ ಬಾಯಿ ಬಿಡಲಿಲ್ಲ ನಾನು. ತಪ್ಪಾಯ್ತು."

ಇನ್ನು ಎರಡೇ ನಿಮಿಷ. ಲ್ಯೂಡರ್ಸ್ ತನ್ನ ಜೇಬುಗಡಿಯಾರ ಬಿಚ್ಚಿ ಅವಳ ಕೈಗಿಟ್ಟ.

"ಇದನ್ನ ಮಾರಿ ಅಮ್ಮಾ. ತಂದಾಗಿಂದ ಹೊಳೆದಿಲ್ಲ, ಸೋಪಿನ ಖರ್ಚೂ ಇಲ್ಲ. ಇದರ ಯಜಮಾನ ನಾನು, ಇಲ್ಲೇ ನಿಂತಿರ್ತೀನಿ, ಧೈರ್ಯವಾಗಿ ಹೇಳಿ."

ಪ್ರಸಾರ ಶುರುವಾಯಿತೆನ್ನುವ ಕೆಂಪು ದೀಪ ಹತ್ತಿತು. ನಾಟಕದ ಕೊನೆಗೆ ಒಟಿಲಿಯಮ್ಮ ಗಡಿಯಾರ ಮುಂದೆ ಚಾಚಿ, "ಇದರ ಯಜಮಾನ ಇನ್ನು ಬರೋದಿಲ್ಲ," ಎಂದಳು. ಸ್ವರ ಒಡೆಯಿತು, ಮಾತು ನಿಲ್ಲಲಿಲ್ಲ. ಕ್ಯಾಮೆರಾದ ಹಿಂದೆ ಲ್ಯೂಡರ್ಸ್ ಅವಳಿಗೆ ಕಾಣುವಂತೆ ಕೈ ಎತ್ತಿಕೊಂಡೇ ನಿಂತಿದ್ದ.