ಕೊಡದ ಬೆಸಾಂವ್

ಬಿಜೈಯ ನಮ್ಮ ಮನೆಯಲ್ಲಿ ಸಂಜೆಯ ತೇರ್ಸ್ ಪ್ರಾರ್ಥನೆ ಮುಗಿದ ಮೇಲೆ ಸೊಸೆಯಂದಿರು ಅತ್ತೆಗೆ ಕೈಮುಗಿದು ಬೆಸಾಂವ್, ಎಂದರೆ ಆಶೀರ್ವಾದ, ಕೇಳುವುದು, ಅತ್ತೆ ಕೈ ಎತ್ತಿ ಹರಸುವುದು ಕ್ರಮ. ಐವತ್ತೆಂಟನೇ ಇಸವಿಯಲ್ಲಿ ಹೆರಿಗೆಗೆಂದು ತವರಿಗೆ ಹೊರಟ ನನ್ನ ಓರಗಿತ್ತಿ ಡುಲ್ಸಿನ್‌ಗೆ ಅತ್ತೆ ಅದನ್ನು ಕೊಡಲಿಲ್ಲ.

“ಎದುರು ಮಾತಾಡುವವಳಿಗೆ ಎಂತ ಬೆಸಾಂವ್?”

“ಕೊಡದೆ ನಿಮ್ಮ ಕೈ ಇಳಿಯುವುದಿಲ್ಲ ಮಾಂಯ್,” ಎಂದು ನಕ್ಕು ಹೋದ ಡುಲ್ಸಿನ್ ಹೆರಿಗೆಯಲ್ಲೇ ತೀರಿಕೊಂಡಳು.

ಅವಳ ತಿಂಗಳ ಪೂಜೆಯ ಸಂಜೆ, ನನ್ನನ್ನು ಹರಸಲು ಅತ್ತೆ ಎತ್ತಿದ ಕೈ ಕೆಳಗಿಳಿಯಲೇ ಇಲ್ಲ. ಮುಟ್ಟಿದರೆ ಬಾವಿನೀರಿನಂತೆ ತಣ್ಣಗಿತ್ತು. ನನ್ನ ಪಕ್ಕದ ಖಾಲಿ ಚಾಪೆಯಿಂದ ಬಾಣಂತಿ ಎಣ್ಣೆಯ ವಾಸನೆ ಬರುತ್ತಿತ್ತು.

“ಅವಳಿಗೂ ಕೊಟ್ಟುಬಿಡಿ ಮಾಂಯ್,” ಎಂದು ಬೇಡಿದೆ.

“ಸತ್ತರೂ ಕೊಡುವುದಿಲ್ಲ!”

ಅತ್ತೆ ಸತ್ತಾಗಲೂ ಕೈ ಎತ್ತಿಯೇ ಇತ್ತು. ಶವಪೆಟ್ಟಿಗೆಯನ್ನು ಎತ್ತರ ಮಾಡಿಸಿದೆವು. ಮುಚ್ಚುವಾಗ ನೋಡಿದೆ, ಅಂಗೈಯಲ್ಲಿ ಅದೇ ಬಾಣಂತಿ ಎಣ್ಣೆ ಹಸಿಯಾಗಿತ್ತು.