ಕೆಂಪು ಬಿಲ್ಲೆ

ಮಾರ್ಚ್ ಹನ್ನೊಂದು, ಬೆಳಿಗ್ಗೆ ಏಳು ಗಂಟೆ ಹತ್ತು ನಿಮಿಷ. ಯುದ್ಧಯೋಜನೆಯ ಕೋಣೆಯಲ್ಲಿ ಕರ್ನಲ್ ಕುರ್ಚಿಯಲ್ಲೇ ಸತ್ತಿದ್ದರು. ಕುತ್ತಿಗೆಗೆ ಪರದೆಯ ಹಗ್ಗ ಬಿಗಿದಿತ್ತು. ಸೇನೆಯ ಡಾಕ್ಟರು ನಾಡಿ ಹಿಡಿದು ತಲೆಯಾಡಿಸಿದರು. ಡಾಕ್ಟರ ಗೆಳೆಯ, ಎಲ್ಲರೂ ಮೇಷ್ಟ್ರು ಎನ್ನುತ್ತಿದ್ದ ಪತ್ತೇದಾರ, ಆಗಲೇ ಯುದ್ಧಭೂಮಿಯ ಮಾದರಿಯಿದ್ದ ಮರಳಿನ ಮೇಜಿಗೆ ಬಾಗಿದ್ದರು.

ಮೇಜಿನ ಎರಡು ತುದಿಗೂ ಮರಳಿನ ಗುಡ್ಡಸಾಲು, ನಡುವೆ ಒಂದೇ ರೈಲುಹಳಿ. ಗುಟ್ಟು ಹೊರಬೀಳದಿರಲೆಂದು ಒಂದೂ ಹೆಸರು ಬರೆದಿರಲಿಲ್ಲ. ಶತ್ರು ಪೂರ್ವ, ಪಶ್ಚಿಮ ಎರಡೂ ಕಡೆಯಿಂದ ಬರುತ್ತಿದ್ದ. ಮೀಸಲು ಪಡೆ ಒಂದೇ. ಅದರ ಗುರುತು ಕೆಂಪು ಬಿಲ್ಲೆ. ಬೆಳಿಗ್ಗೆ ಆರಕ್ಕೆ ಬಿಲ್ಲೆ ಎಲ್ಲಿರುತ್ತದೋ ಪಡೆ ರೈಲಿನಲ್ಲಿ ಅಲ್ಲಿಗೆ ಹೊರಡುವುದು ಅಲ್ಲಿನ ಪದ್ಧತಿ.

"ಬಿಲ್ಲೆ ಪಶ್ಚಿಮದ ಬೋಳುಗುಡ್ಡದಲ್ಲಿತ್ತು, ಫೋನ್ ಮಾಡ್ದೆ," ಎಂದ ಟೆಲಿಫೋನಿನವನು. "ಸಾಹೇಬ್ರು ಬೆನ್ನು ಹಾಕಿ ಕೂತಿದ್ರು. ತೂಕಡಿಸ್ತಿದಾರೆ ಅಂದ್ಕೊಂಡೆ. ಎಬ್ಬಿಸಿದ್ರೆ ಬೈತಿದ್ರು."

"ಇನ್ನು ಬೈಯಲ್ಲ ಬಿಡು," ಎಂದರು ಮೇಷ್ಟ್ರು.

ಬೋಳುಗುಡ್ಡದಲ್ಲಿ ನಮ್ಮವರೂ ಇರಲಿಲ್ಲ, ಶತ್ರುವೂ ಇರಲಿಲ್ಲ. ಎದುರು ಮೂಲೆಯಲ್ಲಿ, ಪೂರ್ವದ ಗುಡ್ಡದ ಬುಡದ ಒದ್ದೆ ಮರಳಿನಲ್ಲಿ, ಬಿಲ್ಲೆಯ ದುಂಡು ಅಚ್ಚು ಉಳಿದಿತ್ತು. ನೆಲದ ಮೇಲೆ ಮೇಜಿನ ಗಾಲಿಗಳು ಗೀಚಿದ ಹೊಸ ಕಮಾನು.

ಮಧ್ಯಾಹ್ನ ಮೇಷ್ಟ್ರು ಕೋಣೆಯ ಕೀಲಿ ಇದ್ದ ಇಬ್ಬರನ್ನೂ ಕರೆಸಿದರು. ಒಬ್ಬರು ಮೇಜರ್, ಅವರ ತಮ್ಮ ಪಶ್ಚಿಮದ ಕಣಿವೆಯಲ್ಲಿದ್ದ. ಇನ್ನೊಬ್ಬರು ರಜೆ ಮುಗಿಸಿ ಅಂದೇ ನಸುಕಿಗೆ ಬಂದಿದ್ದ ಸರಬರಾಜು ಅಧಿಕಾರಿ, ಅವರ ಒಬ್ಬನೇ ಮಗ ಪೂರ್ವದ ಗುಡ್ಡ ಕಾಯುತ್ತಿದ್ದ.

"ಬಿಲ್ಲೆ ಹೋಗಿದ್ದು ಪಶ್ಚಿಮಕ್ಕೆ. ಯಾರಿಗೆ ಲಾಭ ಅಂತ ಬಿಡಿಸಿ ಹೇಳಬೇಕಾ?" ಎಂದರು ಸರಬರಾಜು ಅಧಿಕಾರಿ.

"ಮೇಜರ್ ಆಗಿದ್ರೆ ತಮ್ಮನ ಕಣಿವೇಲಿ ಇಡ್ತಿದ್ರು. ಬೋಳುಗುಡ್ಡದಲ್ಲಿ ಯಾಕೆ?" ಎಂದರು ಮೇಷ್ಟ್ರು. " ನಿನ್ನೆ ಸಂಜೆ ಕರ್ನಲ್ ಬೆಳಕಿಗೋಸ್ಕರ ಮೇಜನ್ನ ಈ ತುದಿ ಆ ಕಡೆ ಬರೋ ಹಾಗೆ ತಿರುಗಿಸಿದ್ರು. ತಳ್ಳಿದ್ದು ಈ ಮೇಜರ್ರು, ಟೆಲಿಫೋನಿನವನು. ನಿಮಗೆ ಗೊತ್ತಿರ್ಲಿಲ್ಲ. ಮೊದಲು ನಿಮ್ಮ ಮಗನ ಗುಡ್ಡ ಇದ್ದ ಮೂಲೆಗೆ ಈಗ ಬೋಳುಗುಡ್ಡ ಬಂದಿದೆ. ಅರೆಬೆಳಕಲ್ಲಿ ಬಿಲ್ಲೆ ಎದುರು ತುದೀಲಿ ಕಾಣ್ತು. ಕರ್ನಲ್ ನಿಮ್ಮ ಮಗನ್ನ ಕೈಬಿಟ್ರು ಅಂದ್ಕೊಂಡ್ರಿ. ಕೊಂದ್ರಿ. ಬಿಲ್ಲೆ ಸರಿಸಿದ್ರಿ."

"ಅಂದ್ರೆ ಅವರು ಇಟ್ಟಿದ್ದು..."

"ನಿಮ್ಮ ಮಗನ ಕಾಲಬುಡದಲ್ಲಿ."

ಅಧಿಕಾರಿ ಮೇಜು ಹಿಡಿದುಕೊಂಡರು. "ರೈಲು ವಾಪಸ್ ಕರೆಸಿ. ನನ್ನ ಆಮೇಲೆ ನೇಣಿಗೆ ಹಾಕಿ."

"ಒಂಟಿ ಹಳಿ," ಎಂದರು ಮೇಜರ್. "ಹಿಂದೆ ನಾಲ್ಕು ರೈಲು ಸಾಲಾಗಿವೆ. ಸರಬರಾಜಿನವರಿಗೆ ನಾನು ಹೇಳಿಕೊಡಬೇಕಾ?"

ಪೂರ್ವದ ಗುಡ್ಡದ ಟೆಲಿಫೋನ್ ತಂತಿ ಹತ್ತು ಗಂಟೆಗೇ ಸತ್ತಿತ್ತು. ಅದನ್ನು ಬರೆದ ಚೀಟಿಯನ್ನು ಡಾಕ್ಟರು ಮಡಚಿ ಜೇಬಿಗೆ ಸೇರಿಸಿದರು.

ಮೇಷ್ಟ್ರು ಅಳತೆಪಟ್ಟಿ ಬಿಚ್ಚಿ ಒಂದು ತುದಿಯನ್ನು ಅಧಿಕಾರಿಯ ಕೈಗೇ ಕೊಟ್ಟರು. "ಹಿಡ್ಕೊಳ್ಳಿ. ವರದಿಗೆ ಬೇಕು."

ಅಚ್ಚಿನಿಂದ ಬಿಲ್ಲೆಗೆ ಎರಡು ಮೀಟರ್ ಹದಿನಾಲ್ಕು ಸೆಂಟಿಮೀಟರ್.