ಚಿಲಕ ಇಲ್ಲದ ಬಾಗಿಲು

"ಬಾಗ್ಲು ಬುಡಬ್ಯಾಡ ಕಣೇ ಜಾರಾ!" ಒಳಗಿನಿಂದ ಸೌಮ್ಯಶ್ರೀ ಕೂಗಿದಳು.

"ಬುಟ್ಟಿಲ್ಲ ಕಣೇ, ಹಿಡ್ಕಂಡೇ ಇವ್ನಿ. ಬೇಗ ಬಾ," ಎಂದಳು ಜಾರಾ.

ಚನ್ನಪಟ್ಟಣದ ಆ ಸರ್ಕಾರಿ ಶಾಲೆಯಲ್ಲಿ ಹುಡುಗಿಯರ ಟಾಯ್ಲೆಟ್ ಬಾಗಿಲಿಗೆ ಚಿಲಕವೇ ಇರಲಿಲ್ಲ. ಕೈ ಬಿಟ್ಟರೆ ತಗಡಿನ ಬಾಗಿಲು ಕಿರ್ರೆಂದು ತಾನಾಗಿಯೇ ತೆರೆದುಕೊಳ್ಳುತ್ತಿತ್ತು. ಎದುರಿಗೇ ಹುಡುಗರು ಕ್ರಿಕೆಟ್ ಆಡುವ ಬಯಲು. ಹಾಗಾಗಿ ಒಬ್ಬಳು ಒಳಗೆ ಹೋದರೆ ಇನ್ನೊಬ್ಬಳು ಹೊರಗೆ ಬಾಗಿಲು ಹಿಡಿದು ನಿಲ್ಲಬೇಕಿತ್ತು. ಒಳಗಿನ ನಲ್ಲಿಯಲ್ಲಿ ನೀರೂ ಬರುತ್ತಿರಲಿಲ್ಲ.

ಸೌಮ್ಯಶ್ರೀ ಹೊರಗೆ ಬಂದಳು. ಮುಖ ಬಾಡಿತ್ತು.

"ಹೊಟ್ಟೆನೋವು ಇನ್ನೂ ಐತಾ?"

"ಒಸಿ ಐತೆ. ನೀರು ಸರಿಯಾಗಿ ಕುಡೀದೆ ಹಿಂಗಾಗೈತೆ ಅಂತ ಡಾಕ್ಟ್ರು ಹೇಳವ್ರೆ."

"ಕುಡಿ ಮತ್ತೆ!"

"ಕುಡುದ್ರೆ ಇಲ್ಲಿಗೆ ಬರ್ಬೇಕಲ್ಲೇ," ಎಂದಳು ಸೌಮ್ಯಶ್ರೀ.

ಅಷ್ಟರಲ್ಲಿ ಮೈಕಿನಲ್ಲಿ ಹೆಡ್‌ಮಾಸ್ಟರ್ ಉದಯಶಂಕರ್ ಅವರ ದನಿ ಕೇಳಿಸಿತು. "ಆರನೇ ಕ್ಲಾಸಿನ ಜಾರಾ ಎಲ್ಲಿದ್ದರೂ ಸ್ಟೇಜ್ ಹತ್ತಿರ ಬರಬೇಕು. ಕಂಪನಿ ಬಸ್ ಬಂತು!"

ಇಬ್ಬರೂ ಓಡಿದರು.

ಪ್ರಪಂಚದ ತುಂಬಾ ಆಫೀಸುಗಳಿರುವ ಒಂದು ದೊಡ್ಡ ಕಂಪನಿ ಇವತ್ತು ಶಾಲೆಗೆ ಕಂಪ್ಯೂಟರ್‌ಗಳನ್ನು ಕೊಡುವುದಿತ್ತು. ಅದನ್ನು ಸಿಎಸ್‌ಆರ್ ಅಂತಾರೆ ಎಂದು ಹೆಡ್‌ಮಾಸ್ಟರ್ ಹಿಂದಿನ ದಿನ ಹೇಳಿದ್ದರು. "ಕೆಎಸ್‌ಆರ್‌ಟಿಸಿ ಥರಾನಾ ಸಾರ್?" ಎಂದು ಗೌಸ್ ಕೇಳಿದಾಗ ಇಡೀ ಕ್ಲಾಸ್ ನಕ್ಕಿತ್ತು. ಹೆಡ್‌ಮಾಸ್ಟರೂ ನಕ್ಕು, "ಅಲ್ವೋ. ದೊಡ್ಡ ಕಂಪನಿಗಳು ತಮ್ಮ ಲಾಭದಲ್ಲಿ ಒಂದು ಪಾಲನ್ನ ಜನರ ಕೆಲಸಕ್ಕೆ ಕೊಡಬೇಕು. ಅದಕ್ಕೆ ಹಾಗನ್ನೋದು," ಎಂದು ವಿವರಿಸಿದ್ದರು.

ಬಸ್ಸಿನಿಂದ ನೀಲಿ ಟೀ ಶರ್ಟ್ ಹಾಕಿದವರು ಒಬ್ಬೊಬ್ಬರಾಗಿ ಇಳಿದರು. ಕೈಯಲ್ಲಿ ಬಣ್ಣದ ಡಬ್ಬಿಗಳು, ಬ್ರಷ್‌ಗಳು. ಶಾಲೆಯ ಗೋಡೆಗೆ ಚಿಟ್ಟೆಗಳ ಚಿತ್ರ ಬರೆಯುತ್ತಾರಂತೆ. ಅವರ ಜೊತೆ ಬೆಳ್ಳಿ ಕೂದಲಿನ ಒಬ್ಬರು ಮೇಡಂ ಇದ್ದರು. ಅವರು ವಿದೇಶದ ಹೆಡ್ ಆಫೀಸಿನವರು. ಅವರಿಗೆ ಕನ್ನಡ ಬರುತ್ತಿರಲಿಲ್ಲ. ಅವರ ಮಾತನ್ನು ಕನ್ನಡದಲ್ಲಿ ಹೇಳಲು ದೀಪು ಎಂಬ ಬೆಂಗಳೂರಿನ ಯುವಕ ಪಕ್ಕದಲ್ಲೇ ಇದ್ದ.

ಕಂಪ್ಯೂಟರ್ ರೂಮಿನ ರಿಬ್ಬನ್ ಕತ್ತರಿಸಿದ್ದಾಯಿತು. ಫೋಟೋ ತೆಗೆದದ್ದಾಯಿತು. ಈಗ ಜಾರಾ ಸ್ಟೇಜ್ ಮೇಲೆ ನಿಂತು ಇಂಗ್ಲಿಷಿನಲ್ಲಿ ಥ್ಯಾಂಕ್ಸ್ ಹೇಳಬೇಕಿತ್ತು. ಒಂದು ವಾರದಿಂದ ಅದನ್ನೇ ಬಾಯಿಪಾಠ ಮಾಡಿದ್ದಳು. ಎಲ್ಲೂ ತಡವರಿಸದೆ ಹೇಳಿ ಮುಗಿಸಿದಳು. ಜೋರಾಗಿ ಚಪ್ಪಾಳೆ ಬಿತ್ತು.

ಮೇಡಂ ಅವಳ ಕಡೆ ಬಗ್ಗಿ ಏನೋ ಕೇಳಿದರು.

"ನಿಮ್ಮ ಸ್ಕೂಲಿಗೆ ಇನ್ನೇನಾದ್ರೂ ಬೇಕಾ ಅಂತ ಕೇಳ್ತಿದಾರೆ," ಎಂದ ದೀಪು.

"ನೋ ನೋ ಮೇಡಂ, ಎವೆರಿಥಿಂಗ್ ಓಕೆ!" ಎಂದುಬಿಟ್ಟರು ಹೆಡ್‌ಮಾಸ್ಟರ್.

ಜಾರಾ ಕೆಳಗೆ ನೋಡಿದಳು. ಮುಂದಿನ ಸಾಲಿನಲ್ಲಿ ಸೌಮ್ಯಶ್ರೀ ಹೊಟ್ಟೆ ಅವುಚಿಕೊಂಡು ಕೂತಿದ್ದಳು. ಆ ಕಡೆ ಹುಡುಗರೆಲ್ಲ ಇದ್ದರು. ಅವರ ಮುಂದೆ ಅದನ್ನು ಹೇಗೆ ಹೇಳುವುದು? ಜಾರಾಳ ಕಿವಿ ಬಿಸಿಯಾಯಿತು.

"ನಮ್ ಟಾಯ್ಲೆಟ್ಟಿಗೆ ಚಿಲಕ ಇಲ್ಲ," ಎಂದು ಮೆಲ್ಲಗೆ ಅಂದಳು.

ಮೈಕ್ ಇನ್ನೂ ಅವಳ ಕೈಯಲ್ಲೇ ಇತ್ತು. ಮಾತು ರಸ್ತೆಯ ಆಚೆಗಿನ ಟೀ ಅಂಗಡಿಯವರೆಗೂ ಕೇಳಿಸಿತು. ಹುಡುಗರು ಕಿಸಕ್ಕನೆ ನಕ್ಕರು.

"ವಾಟ್ ಡಿಡ್ ಶಿ ಸೇ?" ಎಂದರು ಮೇಡಂ.

"ಶಿ ಈಸ್ ಸೇಯಿಂಗ್ ಥ್ಯಾಂಕ್ಸ್ ಮೇಡಂ," ಎಂದರು ಹೆಡ್‌ಮಾಸ್ಟರ್. ಅವರ ಹಣೆ ಬೆವರಿತ್ತು. ದೀಪು ಏನೋ ಹೇಳಲು ಹೋಗಿ, ಅವರ ಮುಖ ನೋಡಿ ಸುಮ್ಮನಾದ.

ಜಾರಾಗೆ ಅಷ್ಟು ಇಂಗ್ಲಿಷ್ ಅರ್ಥವಾಗುತ್ತಿತ್ತು.

"ನೋ ಮೇಡಂ!" ಎಂದಳು. ಮೈಕನ್ನು ಬಾಯಿಯ ಹತ್ತಿರ ತಂದಳು. "ಗರ್ಲ್ಸ್ ಟಾಯ್ಲೆಟ್. ಡೋರ್, ನೋ ಲಾಕ್. ಟ್ಯಾಪ್, ನೋ ವಾಟರ್. ಗರ್ಲ್ಸ್ ನೋ ಡ್ರಿಂಕ್ ವಾಟರ್. ಸ್ಟಮಕ್ ಪೇಯ್ನ್."

ಈಗ ಯಾರೂ ನಗಲಿಲ್ಲ. ಮೇಡಂ ಸ್ಟೇಜ್ ಇಳಿದು ಜಾರಾಳ ಕೈ ಹಿಡಿದರು. "ಶೋ ಮಿ," ಎಂದರು.

ಮೇಡಂ ಟಾಯ್ಲೆಟ್ಟಿನೊಳಗೆ ಹೋಗಿ ಬಾಗಿಲು ಮುಚ್ಚಿಕೊಂಡರು. ಕಿರ್ರ್ ಎಂದು ಅದು ತೆರೆದುಕೊಂಡಿತು. ಮತ್ತೆ ಮುಚ್ಚಿದರು. ಮತ್ತೆ ತೆರೆದುಕೊಂಡಿತು. ನಲ್ಲಿ ತಿರುಗಿಸಿದರು. ಬುಸ್ ಎಂದು ಗಾಳಿ ಬಂತು. ಹೊರಗೆ ಬಂದು ದೀಪುವಿಗೆ ಎರಡೇ ಮಾತು ಹೇಳಿದರು.

"ಚಿಟ್ಟೆ ಆಮೇಲಂತೆ," ಎಂದ ದೀಪು. ಅವನ ಮುಖ ಅರಳಿತ್ತು. "ಮೊದ್ಲು ಬಾಗಿಲು!"

ಹೈವೇ ಪಕ್ಕದ ಹಾರ್ಡ್‌ವೇರ್ ಅಂಗಡಿಯಿಂದ ಚಿಲಕ, ಸ್ಕ್ರೂ, ಪೈಪು ಬಂದವು. ಪ್ಲಂಬರ್ ಗವಿಸಿದ್ದಯ್ಯನೂ ಬಂದ. ನೀಲಿ ಟೀ ಶರ್ಟಿನವರು ಬ್ರಷ್ ಇಟ್ಟು ಅವನ ಜೊತೆ ಪೈಪಿಗಾಗಿ ಮಣ್ಣು ಅಗೆದರು. ದೀಪು ಬಾಗಿಲಿಗೆ ತೂತು ಕೊರೆದ.

"ಅಣ್ಣಾ, ಸ್ಕ್ರೂ ನಾನ್ ಹಾಕ್ಲಾ?" ಎಂದು ಕೇಳಿದಳು ಜಾರಾ.

ಮೊದಲ ಸ್ಕ್ರೂ ಜಾರಾ ತಿರುಗಿಸಿದಳು. ಆಮೇಲೆ ಏಳನೇ ಕ್ಲಾಸಿನವರು ನುಗ್ಗಿದರು.

"ಒಸಿ ಬಿಗಿಯಾಗಿ ತಿರುಗ್ಸೇ!"

"ನಂಗೂ ಕೊಡ್ರೇ!" ಎನ್ನುತ್ತಾ ಸೌಮ್ಯಶ್ರೀ ಎಲ್ಲರ ಮಧ್ಯೆ ನುಸುಳಿದಳು. ಕೊನೆಯ ಸ್ಕ್ರೂ ಅವಳದೇ ಆಯಿತು.

ಜಾರಾ ಒಳಗೆ ಹೋಗಿ ಚಿಲಕ ಸರಿಸಿದಳು. ಟಕ್! ಹೊರಗೆ ಎಲ್ಲರೂ ಸೇರಿ ಬಾಗಿಲು ಎಳೆದರು. ಅದು ಅಲುಗಲಿಲ್ಲ. ಹುಡುಗಿಯರ ಕೂಗು ಕೇಳಿ ಬೇಲಿಯ ಮೇಲಿನ ಕಾಗೆಗಳು ಹಾರಿಹೋದವು. ಸ್ವಲ್ಪ ಹೊತ್ತಿಗೆ ನಲ್ಲಿಯಲ್ಲಿ ಮೊದಲು ಕೆಂಪು ನೀರು, ಆಮೇಲೆ ತಿಳಿನೀರು ಬಂತು. ಎಲ್ಲರೂ ಮುಖ ತೊಳೆದವರೇ! ಮೇಡಂ ಮೇಲೂ ನೀರು ಹಾರಿತು. ಅವರು ಜೋರಾಗಿ ನಕ್ಕರು.

ಬಸ್ ಹೊರಟ ಮೇಲೆ ಹೆಡ್‌ಮಾಸ್ಟರ್ ಜಾರಾಳ ಹತ್ತಿರ ಬಂದರು.

"ಸಾರ್, ಬೈತೀರಾ?"

ಅವರು ಇಲ್ಲವೆಂದು ತಲೆಯಾಡಿಸಿದರು. "ಮೇಲಿನ ಆಫೀಸಿಗೆ ಹೇಳಿ ಹೇಳಿ ಸುಮ್ಮನಾಗಿಬಿಟ್ಟಿದ್ದೆ ಕಣಮ್ಮ. ಇಷ್ಟೆಲ್ಲ ಕೊಟ್ಟವರ ಹತ್ತಿರ ಟಾಯ್ಲೆಟ್ ವಿಷಯ ಹೇಗೆ ಎತ್ತೋದು ಅಂತ ನಾಚಿಕೆ ಆಯ್ತು."

"ನಂಗೂ ನಾಚ್ಕೆ ಆಯ್ತು ಸಾರ್," ಎಂದಳು ಜಾರಾ.



ಮರುದಿನ ಬೆಳಿಗ್ಗೆ ಪ್ರಾರ್ಥನೆ ಮುಗಿಯಿತು. ಎಲ್ಲರೂ ಕ್ಲಾಸಿಗೆ ಹೊರಡಲು ತಿರುಗಿದರು.

"ಒಂದು ನಿಮಿಷ," ಎಂದರು ಹೆಡ್‌ಮಾಸ್ಟರ್. "ಯಾರಿಗಾದರೂ ಏನಾದರೂ ಕಷ್ಟ ಇದ್ದರೆ ಹೇಳಿ."

ಎಲ್ಲರೂ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಆಗ ಎರಡನೇ ಕ್ಲಾಸಿನ ಸಾಲಿನಿಂದ ಒಂದು ಪುಟ್ಟ ಕೈ ಅರ್ಧ ಎದ್ದಿತು, ಇಳಿಯಿತು, ಮತ್ತೆ ಎದ್ದಿತು. ಅದು ಮುನ್ನೀ.

"ಸಾರ್... ಕುಡಿಯೋ ನೀರಿನ ನಲ್ಲಿ ನಂಗೆ ಎಟುಕಲ್ಲ."

ಸಾಲುಗಳಲ್ಲಿ ನಗು ಎದ್ದಿತು. ಮುನ್ನೀ ತಲೆ ತಗ್ಗಿಸಿದಳು. ಕೈ ಮಾತ್ರ ಇನ್ನೂ ಮೇಲೇ ಇತ್ತು.

ಜಾರಾ ನಗಲಿಲ್ಲ. ಆ ಪುಟ್ಟ ಕೈ ಎಷ್ಟು ಭಾರವಾಗಿದೆ ಎಂದು ಅವಳಿಗೆ ಗೊತ್ತಿತ್ತು. ತನ್ನ ಸಾಲು ಬಿಟ್ಟು ಹೋಗಿ ಮುನ್ನೀಯ ಪಕ್ಕದಲ್ಲಿ ನಿಂತಳು.